ಬುದ್ಧ ಒಬ್ಬನೇ, ಬಾಗಿಲು ನಾಲ್ಕು: ಯಾವುದರಿಂದ ಒಳಗೆ ಹೋಗೋಣ?

ಬೈಲಕುಪ್ಪೆಯ ಗೋಲ್ಡನ್ ಟೆಂಪಲ್ ನೋಡಿ ಬಂದವರು ಒಂದು ಪ್ರಶ್ನೆ ಕೇಳಿಯೇ ಕೇಳುತ್ತಾರೆ. "ನಡುವೆ ಕೂತಿರೋದು ಬುದ್ಧ, ಗೊತ್ತಾಯ್ತು. ಪಕ್ಕದಲ್ಲಿ ಸಣ್ಣ ಮೀಸೆ ಬಿಟ್ಕೊಂಡು ಕೂತಿರೋರು ಯಾರು?" ಅವರು ಪದ್ಮಸಂಭವ, ಟಿಬೆಟಿಗೆ ಬೌದ್ಧ ಧರ್ಮ ಒಯ್ದ ಗುರು. ಇನ್ನೊಂದು ಪಕ್ಕದಲ್ಲಿರುವುದು ಅಮಿತಾಯು, ದೀರ್ಘಾಯುಷ್ಯದ ಬುದ್ಧ. ಇದೇ ಜನ ಹತ್ತು ದಿನದ ವಿಪಶ್ಯನ ಧ್ಯಾನ ಶಿಬಿರಕ್ಕೆ ಹೋದರೆ ಅಲ್ಲಿ ಪೂಜೆಯೂ ಇಲ್ಲ, ಊದುಬತ್ತಿಯೂ ಇಲ್ಲ. ಕಲಬುರಗಿ ಕಡೆಯ ಬುದ್ಧ ವಿಹಾರಕ್ಕೆ ಹೋದರೆ ಬುದ್ಧನ ಜೊತೆ ಬಾಬಾಸಾಹೇಬರೂ ಇರುತ್ತಾರೆ. ಬೆಂಗಳೂರಿನ ಯಾವುದೋ ಅಪಾರ್ಟ್‌ಮೆಂಟಿನಲ್ಲಿ ಭಾನುವಾರ ನಾಲ್ಕಾರು ಜನ ಸೇರಿ ಜಪಾನೀ ಮಂತ್ರ ಹೇಳುತ್ತಿರುತ್ತಾರೆ. ಅವರೂ ಬೌದ್ಧರೇ.

ಹಾಗಾದರೆ ಬೌದ್ಧ ಧರ್ಮದ ಕಡೆ ಮನಸ್ಸು ಎಳೆಯುತ್ತಿರುವವರು ಎಲ್ಲಿಂದ ಶುರು ಮಾಡಬೇಕು? ಧ್ಯಾನ ಕಲಿಯಬೇಕು ಅನ್ನುವವರು, ಓದಿ ತಿಳಿಯಬೇಕು ಅನ್ನುವವರು, ಜಾತಿಯ ಕಾಟದಿಂದ ಹೊರಗೆ ಬರಬೇಕು ಅನ್ನುವವರು, ಮೂವರೂ ಇದನ್ನೇ ಕೇಳುತ್ತಾರೆ. ಮೂವರಿಗೂ ಒಂದೇ ಉತ್ತರ ಕೊಡಲು ಆಗುವುದಿಲ್ಲ.

ಮೊದಲು ಒಂದು ಸಮಾಧಾನದ ಮಾತು. ಬುಡ ಎಲ್ಲರಿಗೂ ಹೆಚ್ಚುಕಡಿಮೆ ಒಂದೇ. ಬುದ್ಧ, ಧಮ್ಮ, ಸಂಘ ಎಂಬ ಮೂರಕ್ಕೆ ಶರಣು ಹೋಗುವುದು, ಅದು ತಿಸರಣ. ಕೊಲ್ಲಬಾರದು, ಕದಿಯಬಾರದು, ಹಾದರ ಮಾಡಬಾರದು, ಸುಳ್ಳು ಹೇಳಬಾರದು, ಅಮಲು ಕೂಡದು ಎಂಬ ಪಂಚಶೀಲ. ಯಾವುದೂ ನಿಲ್ಲುವುದಿಲ್ಲ, ಬದಲಾಗದ ಆತ್ಮ ಎಂಬುದಿಲ್ಲ, ಲೋಕವನ್ನು ಸೃಷ್ಟಿಸಿದ ದೇವರಿಲ್ಲ ಎಂಬ ತಿಳಿವಳಿಕೆ. ಎಂಟು ಅಂಗಗಳ ದಾರಿ. ನಂಬಿಕೆಗಳ ಪಟ್ಟಿ ಹಿಡಿದು ಹೋಲಿಸಲು ಕೂತರೆ ಇಲ್ಲಿಗೇ ಅರ್ಧ ಹೋಲಿಕೆ ಮುಗಿಯಿತು. ನಿಜವಾದ ವ್ಯತ್ಯಾಸ ಇರುವುದು ಬೇರೆ ಕಡೆ: ಸೋಮವಾರ ಬೆಳಿಗ್ಗೆ ಎದ್ದಾಗ ಈ ದಾರಿ ನನ್ನಿಂದ ಏನು ಕೇಳುತ್ತದೆ?

ಹಾಗಾಗಿ ನಾನು ಅಳೆಯುವುದು ಐದು ವಿಷಯ ಇಟ್ಟುಕೊಂಡು. ದಿನಾ ಮಾಡಬೇಕಾದ್ದು ಏನು. ಗುರು ಎಷ್ಟು ಬೇಕು. ಪುನರ್ಜನ್ಮ, ಬೋಧಿಸತ್ವರು ಇಂಥದ್ದನ್ನು ಎಷ್ಟು ಒಪ್ಪಿಕೊಳ್ಳಬೇಕು. ಹಣ, ರಜೆ, ಭಾಷೆ ಎಷ್ಟು ಬೇಕು. ಕೊನೆಯದು ನಮ್ಮ ಮನೆಗಳಲ್ಲಿ ಎಲ್ಲಕ್ಕಿಂತ ದೊಡ್ಡದು: ಮನೆದೇವರು ಏನಾಗುತ್ತಾರೆ?

ಥೇರವಾದ, ಅದರೊಳಗಿನ ವಿಪಶ್ಯನ

ಶಾಲೆಯಲ್ಲಿ ನಾವೆಲ್ಲ "ಹೀನಯಾನ, ಮಹಾಯಾನ" ಅಂತ ಬಾಯಿಪಾಠ ಮಾಡಿದವರು. ಹೀನಯಾನ ಅನ್ನುವುದು ಎದುರಿನವರು ಇಟ್ಟ ಹೆಸರು. ಶ್ರೀಲಂಕಾದ ಭಿಕ್ಖು ಒಬ್ಬರ ಮುಂದೆ ಹಾಗೆ ಅಂದುಬಿಟ್ಟೀರಿ, ಹುಷಾರು. ಥೇರವಾದ ಅಂದರೆ ಹಿರಿಯರ ಮಾತು. ಶ್ರೀಲಂಕಾ, ಮ್ಯಾನ್ಮಾರ್, ಥಾಯ್ಲೆಂಡ್, ಕಾಂಬೋಡಿಯಾ, ಲಾವೋಸ್‌ಗಳ ದಾರಿ ಇದು. ಪಾಲಿ ಭಾಷೆಯ ತಿಪಿಟಕ ಎಂಬ ಗ್ರಂಥಗಳೇ ಇದಕ್ಕೆ ಆಧಾರ. ಭಿಕ್ಖುಗಳಿಗೆ 227 ನಿಯಮ. ಮಧ್ಯಾಹ್ನ ದಾಟಿದ ಮೇಲೆ ಊಟ ಇಲ್ಲ.

ಆದರೆ ಕರ್ನಾಟಕದಲ್ಲಿ ಬಹಳ ಜನರಿಗೆ ಥೇರವಾದ ಸಿಗುವುದು ಕಾವಿ ಬಟ್ಟೆಯ ಮೂಲಕ ಅಲ್ಲ, ಎಸ್.ಎನ್. ಗೋಯೆಂಕಾ ಅವರ ವಿಪಶ್ಯನ ಶಿಬಿರದ ಮೂಲಕ. ಗೋಯೆಂಕಾ ಹುಟ್ಟಿದ್ದು ಬರ್ಮಾದ ಮಾಂಡಲೆಯಲ್ಲಿ. ವ್ಯಾಪಾರಿ ಮನೆತನ. ಅವರಿಗೆ ಕಲಿಸಿದ ಸಯಾಜಿ ಊ ಬಾ ಖಿನ್ ಕೂಡ ಸನ್ಯಾಸಿ ಅಲ್ಲ. ಬರ್ಮಾ ಸರ್ಕಾರದ ಅಕೌಂಟೆಂಟ್ ಜನರಲ್! ಲೆಕ್ಕಪತ್ರದ ಅಧಿಕಾರಿಯಿಂದ ವ್ಯಾಪಾರಿಗೆ ಬಂದ ವಿದ್ಯೆ ಅದು. ಅದಕ್ಕೇ ಇರಬೇಕು, ಎಲ್ಲವೂ ಟೈಮ್‌ಟೇಬಲ್ ಪ್ರಕಾರ ನಡೆಯುತ್ತದೆ. ಗೋಯೆಂಕಾ 1969ರಲ್ಲಿ ಭಾರತಕ್ಕೆ ಬಂದು ಕಲಿಸಲು ಶುರು ಮಾಡಿದರು. ಮುಖ್ಯ ಕೇಂದ್ರ ನಾಸಿಕ್ ಹತ್ತಿರದ ಇಗತ್ಪುರಿಯಲ್ಲಿದೆ. ಬೆಂಗಳೂರಿನ ಹೊರಗೆ ತುಮಕೂರು ರಸ್ತೆ ಕಡೆ ಆಲೂರಿನಲ್ಲಿ ಧಮ್ಮ ಪಫುಲ್ಲ ಇದೆ.

ಬೆಳಗಿನ ಜಾವ ನಾಲ್ಕಕ್ಕೆ ಗಂಟೆ. ದಿನಕ್ಕೆ ಹತ್ತು ಗಂಟೆಗೂ ಜಾಸ್ತಿ ಕೂರುವುದು. ಮೊಬೈಲ್ ಇಲ್ಲ, ಓದು ಇಲ್ಲ, ಬರಹ ಇಲ್ಲ, ಮಾತಂತೂ ಇಲ್ಲವೇ ಇಲ್ಲ. ಮೊದಲ ಮೂರು ದಿನ ಬರೀ ಉಸಿರು ನೋಡುವುದು, ಅದು ಆನಾಪಾನ. ನಾಲ್ಕನೇ ದಿನದಿಂದ ತಲೆಯಿಂದ ಕಾಲಿನವರೆಗೆ ಮೈಯಲ್ಲಿ ಏನಾಗುತ್ತಿದೆ ಎಂದು ನೋಡುತ್ತ ಹೋಗುವುದು. ನೋವಿದ್ದರೆ ನೋವು, ಜುಮ್ಮೆನ್ನುವುದಿದ್ದರೆ ಜುಮ್ಮು. ಬೇಕು ಅನ್ನಬಾರದು, ಬೇಡ ಅನ್ನಲೂಬಾರದು. ದಿನಕ್ಕೆ ಮೂರು ಸಲ ಒಂದೊಂದು ಗಂಟೆ ಕೈಕಾಲು ಅಲುಗಾಡಿಸದೆ ಕೂರುವ ಅಧಿಷ್ಠಾನ. ಮೂರನೇ ದಿನ ನನ್ನ ಮೊಣಕಾಲು ಎಷ್ಟು ಬೈದುಕೊಂಡಿತು ಅಂದರೆ ರಾತ್ರಿ ಬ್ಯಾಗು ತುಂಬಿಸಿಟ್ಟಿದ್ದೆ. ಬೆಳಿಗ್ಗೆ ಸುಮ್ನೆ ಹೋಗಿ ಮತ್ತೆ ಕೂತೆ. ಯಾಕೆ ಅಂತ ಈಗಲೂ ಗೊತ್ತಿಲ್ಲ.

ಹಣದ ವಿಷಯದಲ್ಲಿ ಇದಕ್ಕಿಂತ ಅಗ್ಗದ್ದು ಬೇರೊಂದಿಲ್ಲ. ಶುಲ್ಕವಿಲ್ಲ. ಊಟ, ವಸತಿ ಎಲ್ಲ ಹಿಂದೆ ಶಿಬಿರ ಮುಗಿಸಿದವರ ದಾನದಿಂದ. ಹೊಸಬರು ಮೊದಲೇ ದಾನ ಕೊಡುತ್ತೇನೆ ಅಂದರೂ ತೆಗೆದುಕೊಳ್ಳುವುದಿಲ್ಲ. ಆದರೆ ರಜೆಯ ಖರ್ಚು ದೊಡ್ಡದು. ಹೋಗಿಬರುವುದು ಸೇರಿ ಹನ್ನೆರಡು ದಿನ. ಆಮೇಲೆ ಮನೆಯಲ್ಲಿ ಬೆಳಿಗ್ಗೆ ಒಂದು ಗಂಟೆ, ಸಂಜೆ ಒಂದು ಗಂಟೆ ಕೂರಬೇಕು ಅನ್ನುತ್ತಾರೆ. ನನಗೆ ತಿಳಿದವರಲ್ಲಿ ಅದನ್ನು ಒಂದು ವರ್ಷ ನಡೆಸಿದವರನ್ನು ಒಂದು ಕೈಯ ಬೆರಳಲ್ಲಿ ಎಣಿಸಬಹುದು. ಸೋಮವಾರದ ಪರೀಕ್ಷೆಯಲ್ಲಿ ಹೆಚ್ಚಿನವರು ಬೀಳುವುದು ಇಲ್ಲೇ.

ಮನೆದೇವರಿಗೆ ತೊಂದರೆ ಇಲ್ಲ. ಧರ್ಮ ಬದಲಿಸು ಎಂದು ಯಾರೂ ಹೇಳುವುದಿಲ್ಲ. ಆ ಹತ್ತು ದಿನ ಜಪಮಾಲೆ, ಪೂಜೆ ಬದಿಗಿಡಿ ಅನ್ನುತ್ತಾರೆ, ಅಷ್ಟೇ. ಥೇರವಾದ ಬೇರೂರಿರುವ ಶ್ರೀಲಂಕಾದಲ್ಲೇ ವಿಹಾರಗಳ ಒಳಗೆ ವಿಷ್ಣುವಿಗೂ ಕತರಗಾಮದ ಸ್ಕಂದನಿಗೂ ಗುಡಿಗಳಿವೆ. ದೇವರುಗಳು ಇರಲಿ, ಬಿಡುಗಡೆ ಮಾತ್ರ ಅವರ ಕೈಯಲ್ಲಿಲ್ಲ ಅನ್ನುವ ಧೋರಣೆ.

ಒಂದು ಎಚ್ಚರಿಕೆ. ಮಾನಸಿಕ ಕಾಯಿಲೆಗೆ ಚಿಕಿತ್ಸೆಯಲ್ಲಿರುವವರು ಅರ್ಜಿಯಲ್ಲಿ ಅದನ್ನು ಮುಚ್ಚಿಡಬೇಡಿ. ಡಾಕ್ಟರನ್ನೂ ಕೇಳದೆ ಹೋಗಬೇಡಿ. ಹತ್ತು ದಿನದ ಮೌನ ಎಲ್ಲರಿಗೂ ಔಷಧಿ ಅಲ್ಲ.

ಶಿಬಿರ ಬೇಡ, ಭಿಕ್ಖುಗಳ ಹತ್ತಿರ ಕೂತು ಕೇಳಬೇಕು ಅನ್ನುವವರಿಗೆ ಬೆಂಗಳೂರಿನ ಗಾಂಧಿನಗರದ ಮಹಾಬೋಧಿ ಸೊಸೈಟಿ ಇದೆ. ಆಚಾರ್ಯ ಬುದ್ಧರಕ್ಖಿತರು 1956ರಲ್ಲಿ ಕಟ್ಟಿದ್ದು. ಮೆಜೆಸ್ಟಿಕ್‌ನ ಗಲಾಟೆಗೆ ಅಷ್ಟು ಹತ್ತಿರ, ಒಳಗೆ ಬೋಧಿ ಮರದ ನೆರಳು. ಸುಮ್ನೆ ಹೋಗಿ ಅರ್ಧ ಗಂಟೆ ಕೂತು ಬಂದರೂ ನಷ್ಟವಿಲ್ಲ.

ಟಿಬೆಟಿನ ವಜ್ರಯಾನ

ನಮಗೆ ಇದು ಪಕ್ಕದ ಮನೆ. ಅಂದಿನ ಮೈಸೂರು ಸರ್ಕಾರ ಜಾಗ ಕೊಟ್ಟಿದ್ದರಿಂದ 1960ರ ದಶಕದ ಶುರುವಿನಲ್ಲಿ ಬೈಲಕುಪ್ಪೆ, ಆಮೇಲೆ ಮುಂಡಗೋಡ, ಹುಣಸೂರು, ಕೊಳ್ಳೇಗಾಲದ ಕಡೆ ಟಿಬೆಟಿಯನ್ನರು ನೆಲೆಸಿದರು. ಲಾಸಾದ ಸುತ್ತಮುತ್ತಲಿದ್ದ ಮೂರು ಮಹಾ ಮಠಗಳು ಇವತ್ತು ಕರ್ನಾಟಕದಲ್ಲಿವೆ. ಸೆರಾ ಬೈಲಕುಪ್ಪೆಯಲ್ಲಿ, ಡ್ರೆಪುಂಗ್ ಮತ್ತು ಗಂಡೆನ್ ಮುಂಡಗೋಡದಲ್ಲಿ. ಆದರೂ ನಮ್ಮಲ್ಲಿ ಹೆಚ್ಚಿನವರಿಗೆ ಅಲ್ಲಿ ಗೊತ್ತಿರುವುದು ಮೊಮೊ, ಸ್ವೆಟರ್ ಎರಡೇ.

ನಂಬಿಕೆಯ ಲೆಕ್ಕದಲ್ಲಿ ಇದು ಮಹಾಯಾನವೇ. ನಾನೊಬ್ಬ ಪಾರಾದರೆ ಸಾಲದು, ಎಲ್ಲ ಜೀವಿಗಳೂ ಪಾರಾಗಬೇಕು ಅನ್ನುವ ಬೋಧಿಸತ್ವದ ಆಸೆ. ಅದರ ಮೇಲೆ ಮಂತ್ರ, ಮಂಡಲ, ದೀಕ್ಷೆ. ಒಳಗೆ ನಾಲ್ಕು ಪಂಗಡ. ಪದ್ಮಸಂಭವರನ್ನು ಮೂಲ ಗುರು ಅನ್ನುವ ಹಳೆಯ ನ್ಯಿಂಗ್ಮಾ. ಗೋಲ್ಡನ್ ಟೆಂಪಲ್ ಇರುವ ನಾಮ್‌ಡ್ರೋಲಿಂಗ್ ಇವರದು. ಮಿಲರೇಪನಂಥ ಗುಹೆವಾಸಿ ಕವಿಯನ್ನು ಕೊಟ್ಟ ಕಗ್ಯು. ಸಾಕ್ಯ. ಮತ್ತೆ ತ್ಸೊಂಗ್‌ಖಾಪ (1357-1419) ಅವರಿಂದ ಬೆಳೆದ ಗೆಲುಗ್. ದಲೈ ಲಾಮಾ ಅವರದು ಇದೇ ಪಂಗಡ, ಸೆರಾ ಮಠವೂ ಇದೇ. ಹೊಸಬರು ಪಂಗಡದ ಬಗ್ಗೆ ಜಾಸ್ತಿ ತಲೆ ಕೆಡಿಸಿಕೊಳ್ಳುವುದು ಬೇಡ. ಓದು, ತರ್ಕ ಇಷ್ಟವಿದ್ದರೆ ಗೆಲುಗ್. ಧ್ಯಾನ, ಗುರು, ಮಂತ್ರಗಳ ಕಡೆ ಮನಸ್ಸಿದ್ದರೆ ನ್ಯಿಂಗ್ಮಾ ಅಥವಾ ಕಗ್ಯು. ಒರಟಾದ ಅಳತೆ, ಆದರೂ ಶುರುವಿಗೆ ಸಾಕು.

ಸೆರಾದಲ್ಲಿ ತರ್ಕ ನಡೆಯುವ ಹೊತ್ತಿಗೆ ಅಂಗಳಕ್ಕೆ ಹೋಗಿ ನಿಲ್ಲಿ. ಒಬ್ಬರು ಕೂತಿರುತ್ತಾರೆ. ಇನ್ನೊಬ್ಬರು ನಿಂತು ಪ್ರಶ್ನೆ ಹಾಕಿ, ಕಾಲು ಅಪ್ಪಳಿಸಿ, ಚಪ್ಪಾಳೆ ತಟ್ಟುತ್ತಾರೆ. ಜಗಳ ಅಂದುಕೊಳ್ಳಬೇಕು, ಹಾಗಿರುತ್ತದೆ. ಅದು ಪಾಠ. ಗೆಶೆ ಪದವಿಗೆ ಇಪ್ಪತ್ತು ವರ್ಷದ ಹತ್ತಿರ ಹೀಗೆ ಓದುತ್ತಾರೆ.

ಗೃಹಸ್ಥರಿಗೆ ಅಷ್ಟು ಬೇಡ. ಆದರೆ ಇಲ್ಲಿ ಗುರು ಇಲ್ಲದೆ ಹೆಜ್ಜೆ ಮುಂದಿಡಲು ಆಗುವುದಿಲ್ಲ. ತಾಂತ್ರಿಕ ದೀಕ್ಷೆ ತೆಗೆದುಕೊಂಡರೆ ದಿನದ ಪಾಠ, ವ್ರತ ಹಿಂದೆಯೇ ಬರುತ್ತವೆ. ಕೆಲವು ಪರಂಪರೆಗಳಲ್ಲಿ ಪೂರ್ವಸಿದ್ಧತೆ ಅಂತಲೇ ಒಂದು ಲಕ್ಷ ದೀರ್ಘದಂಡ ನಮಸ್ಕಾರ. ದಿನಕ್ಕೆ ನೂರು ಮಾಡಿದರೂ ಮೂರು ವರ್ಷ ಹತ್ತಿರ ಹತ್ತಿರ! ಗುರುವನ್ನು ಒಪ್ಪುವ ಮೊದಲು ಹನ್ನೆರಡು ವರ್ಷ ಪರೀಕ್ಷಿಸು ಅನ್ನುವ ಮಾತು ಟಿಬೆಟಿನವರಲ್ಲೇ ಇದೆ. ಹನ್ನೆರಡು ವರ್ಷ ಆಗದಿದ್ದರೂ ಹನ್ನೆರಡು ತಿಂಗಳು ನೋಡಿ. ಜನ ಸೇರಿದ್ದಾರೆ ಅಂತ ದೀಕ್ಷೆಗೆ ನುಗ್ಗಿ ಆಮೇಲೆ ಪೇಚಾಡುವವರನ್ನು ನೋಡಿದ್ದೇನೆ.

ಪುನರ್ಜನ್ಮವನ್ನು ಇಲ್ಲಿ ಪಕ್ಕಕ್ಕೆ ಸರಿಸುವುದು ಕಷ್ಟ. ಗುರುಗಳೇ ಮತ್ತೆ ಹುಟ್ಟಿಬಂದವರು ಅನ್ನುವ ಪರಂಪರೆ. ಆದರೆ ನಮ್ಮ ಭಕ್ತಿಗೆ ಇದರಷ್ಟು ಹತ್ತಿರದ್ದೂ ಇಲ್ಲ. ದೀಪ, ಗಂಟೆ, ಪ್ರದಕ್ಷಿಣೆ, ಮಂತ್ರ, ಹೆಂಗಸಿನ ರೂಪದ ತಾರಾ. ಹೊಸದೇನೂ ಅಲ್ಲ ಬಿಡಿ. ಗದಗ ಜಿಲ್ಲೆಯ ಡಂಬಳದಲ್ಲಿ 1095ರ ಹೊತ್ತಿಗೆ ಸೆಟ್ಟರು ಸೇರಿ ಕಟ್ಟಿಸಿದ್ದ ತಾರಾದೇವಿಯ ಗುಡಿಗೆ ದಾನ ಸಿಕ್ಕಿದ್ದನ್ನು ಶಾಸನವೇ ಹೇಳುತ್ತದೆ. ಮಂಗಳೂರಿನ ಕದ್ರಿಯಲ್ಲಿರುವ ಲೋಕೇಶ್ವರ ಎಂಬ ಬೋಧಿಸತ್ವನ ಕಂಚಿನ ಮೂರ್ತಿ 968ರದ್ದು.

ದೊಡ್ಡ ಅಡ್ಡಿ ಭಾಷೆ. ಪಾಠ ಟಿಬೆಟನ್‌ನಲ್ಲಿ. ಅನುವಾದ ಸಿಕ್ಕರೆ ಇಂಗ್ಲಿಷ್, ಹಿಂದಿ. ಕನ್ನಡದಲ್ಲಿ ಸಿಗುವುದು ಅಪರೂಪ. ಇಷ್ಟು ಹತ್ತಿರ ಇದ್ದೂ ಹೀಗಾ ಅಂತ ಬೇಜಾರಾಗುತ್ತದೆ. ಇಂಗ್ಲಿಷ್ ಆಗುತ್ತದೆ, ಸ್ವಲ್ಪ ಖರ್ಚೂ ಮಾಡಬಲ್ಲೆ ಅನ್ನುವವರು ಹಿಮಾಚಲದ ಧರ್ಮಶಾಲಾ ಊರಿನ ತುಷಿತ ಧ್ಯಾನ ಕೇಂದ್ರದಂಥ ಕಡೆ ಹೊಸಬರಿಗಾಗಿಯೇ ನಡೆಸುವ ಶಿಬಿರ ಸೇರಬಹುದು. ರೈಲು, ಬಸ್ಸು, ಚಳಿ ಬಟ್ಟೆ ಎಲ್ಲ ಲೆಕ್ಕ ಹಾಕಿಕೊಳ್ಳಿ.

ಪೂರ್ವದ ಮಹಾಯಾನ: ಝೆನ್ ಮತ್ತು ಮಂತ್ರ

ಚೀನಾ, ಕೊರಿಯಾ, ಜಪಾನ್, ವಿಯೆಟ್ನಾಂಗಳ ದಾರಿಯಲ್ಲಿ ಕವಲುಗಳು ಹಲವಾರು. ನಮಗೆ ಕೈಗೆ ಸಿಗುವುದು ಎರಡು.

ಝೆನ್‌ನಲ್ಲಿ ಕೂರುವುದೇ ಸಾಧನೆ. ಸೋಟೊ ಪಂಗಡದಲ್ಲಿ ಗೋಡೆ ನೋಡಿಕೊಂಡು ಬರೀ ಕೂರುವುದು. ರಿಂಜೈ ಪಂಗಡದಲ್ಲಿ ಗುರು ಒಂದು ಒಗಟು ಕೊಡುತ್ತಾರೆ, ತರ್ಕಕ್ಕೆ ಬಗ್ಗದ ಒಗಟು. ಅಲ್ಲಮನ ಬೆಡಗಿನ ವಚನ ಓದಿ ತಲೆ ಕೆರೆದುಕೊಂಡವರಿಗೆ ಈ ರುಚಿ ಹೊಸದಲ್ಲ. ನಮಗೆ ಹತ್ತಿರ ಅಂದರೆ ಕೊಡೈಕೆನಾಲ್ ಬಳಿಯ ಪೆರುಮಾಳ್‌ಮಲೈನ ಬೋಧಿ ಝೆಂಡೊ. ಅದನ್ನು ಕಟ್ಟಿದ ಆಮ ಸಾಮಿ ಜೆಸ್ಯುಯಿಟ್ ಪಾದ್ರಿ! ಕ್ರೈಸ್ತರಾಗಿದ್ದುಕೊಂಡೇ ಝೆನ್ ಗುರು. ಮನೆದೇವರ ಪ್ರಶ್ನೆಗೆ ಇದಕ್ಕಿಂತ ಸ್ಪಷ್ಟ ಉತ್ತರ ಬೇಕಾ? ನಂಬಿಕೆ ಕಡಿಮೆ ಕೇಳುವ, ಶಿಸ್ತು ಜಾಸ್ತಿ ಕೇಳುವ ದಾರಿ. ದಿನಕ್ಕೆ ಇಪ್ಪತ್ತೈದು ನಿಮಿಷದಿಂದ ಶುರು ಮಾಡಬಹುದು ಅನ್ನುವುದು ಇದರ ದೊಡ್ಡ ಗುಣ. ಕ್ಯಾಲಿಫೋರ್ನಿಯಾ ಕಡೆ ಇರುವ ಕನ್ನಡಿಗರಿಗಂತೂ ನಮಗಿಂತ ಸುಲಭ. ಸ್ಯಾನ್ ಫ್ರಾನ್ಸಿಸ್ಕೊದಲ್ಲಿ 1962ರಿಂದ ಝೆನ್ ಕೇಂದ್ರ ಇದೆ.

ಇನ್ನೊಂದು, ಹದಿಮೂರನೇ ಶತಮಾನದ ನಿಚಿರೆನ್ ಅವರ ದಾರಿ. ಸದ್ಧರ್ಮಪುಂಡರೀಕ ಸೂತ್ರದ ಹೆಸರನ್ನೇ ಮಂತ್ರ ಮಾಡಿಕೊಂಡು "ನಮ್ ಮ್ಯೋಹೋ ರೆಂಗೆ ಕ್ಯೋ" ಎಂದು ದಿನಾ ಹೇಳುವುದು. ಅಪಾರ್ಟ್‌ಮೆಂಟಿನ ಗುಂಪುಗಳು ಹೇಳುವುದು ಇದನ್ನೇ. ಇದನ್ನು ಹರಡುತ್ತಿರುವುದು ಜಪಾನಿನ ಸೋಕಾ ಗಕ್ಕೈ ಎಂಬ ಸಂಸ್ಥೆ. ರಜೆ ಬೇಡ, ಪ್ರಯಾಣ ಬೇಡ, ಕಷ್ಟಸುಖ ಹೇಳಿಕೊಳ್ಳಲು ಅಕ್ಕಪಕ್ಕದ ಜನ ಸಿಗುತ್ತಾರೆ. ನಗರದಲ್ಲಿ ಒಬ್ಬರೇ ಇರುವವರಿಗೆ ಇದು ಸಣ್ಣ ವಿಷಯವಲ್ಲ. ನನ್ನ ತಕರಾರು ಒಂದೇ. ಮಂತ್ರ ಹೇಳಿದ್ದಕ್ಕೆ ಕೆಲಸ ಸಿಕ್ಕಿತು, ಸಂಬಂಧ ಕೂಡಿಬಂತು ಅನ್ನುವ ಕತೆಗಳು ಅಲ್ಲಿ ಸ್ವಲ್ಪ ಜಾಸ್ತಿ. ಹರಕೆ ಹೊರುವ ಅಭ್ಯಾಸದಿಂದ ತಪ್ಪಿಸಿಕೊಂಡು ಬಂದವರಿಗೆ ಮತ್ತೆ ಅದೇ ಬೀದಿಗೆ ಬಂದಂತೆ ಅನ್ನಿಸಬಹುದು.

ಬಾಬಾಸಾಹೇಬರ ನವಯಾನ

ಇದನ್ನು ಧ್ಯಾನದ ತಕ್ಕಡಿಯಲ್ಲಿ ತೂಗಿದರೆ ತೂಕ ತಪ್ಪುತ್ತದೆ. 1956ರ ಅಕ್ಟೋಬರ್ 14ರಂದು ನಾಗಪುರದಲ್ಲಿ ಡಾ. ಅಂಬೇಡ್ಕರ್ ಭಿಕ್ಖು ಚಂದ್ರಮಣಿ ಅವರಿಂದ ತಿಸರಣ, ಪಂಚಶೀಲ ಪಡೆದರು. ಆಮೇಲೆ ತಾವೇ ನಿಂತು ಲಕ್ಷಾಂತರ ಜನರಿಗೆ ದೀಕ್ಷೆ ಕೊಟ್ಟರು. ಜೊತೆಗೆ 22 ಪ್ರತಿಜ್ಞೆಗಳು. ಎರಡು ತಿಂಗಳು ತುಂಬುವ ಮೊದಲೇ, ಡಿಸೆಂಬರ್ 6ರಂದು ಅವರು ತೀರಿಕೊಂಡರು. 2011ರ ಜನಗಣತಿಯಂತೆ ಭಾರತದಲ್ಲಿ ಸುಮಾರು 84 ಲಕ್ಷ ಬೌದ್ಧರಿದ್ದಾರೆ. ಅವರಲ್ಲಿ ಮುಕ್ಕಾಲು ಪಾಲು ಮಹಾರಾಷ್ಟ್ರದವರು. ಅಂದರೆ ನಮ್ಮ ದೇಶದಲ್ಲಿ ಬೌದ್ಧ ಅಂದರೆ ಹೆಚ್ಚಾಗಿ ಇವರೇ. ಲಾಮಾಗಳೂ ಅಲ್ಲ, ಶಿಬಿರಕ್ಕೆ ಹೋಗುವ ಸಾಫ್ಟ್‌ವೇರ್ ಜನರೂ ಅಲ್ಲ.

ಅಂಬೇಡ್ಕರ್ ಹಳೆಯದನ್ನು ಹಾಗೇ ಒಪ್ಪಲಿಲ್ಲ. ಮುದುಕ, ರೋಗಿ, ಹೆಣ ನೋಡಿ ಸಿದ್ಧಾರ್ಥ ಮನೆ ಬಿಟ್ಟ ಅನ್ನುವ ಕತೆಯನ್ನು ಅವರು ನಂಬಲಿಲ್ಲ. ಇಪ್ಪತ್ತೊಂಬತ್ತು ವರ್ಷ ಅದನ್ನೆಲ್ಲ ನೋಡದೇ ಇದ್ದನೇ ಎಂಬುದು ಅವರ ಪ್ರಶ್ನೆ. ರೋಹಿಣಿ ನದಿಯ ನೀರಿಗಾಗಿ ಶಾಕ್ಯರಿಗೂ ಕೋಲಿಯರಿಗೂ ಯುದ್ಧ ಎದ್ದಾಗ, ಅದನ್ನು ಒಪ್ಪದೆ ಅವನು ಹೊರಟ ಎಂದು ಬರೆದರು. ನೀರಿನ ಜಗಳ ಅಂದರೆ ಏನು ಅಂತ ನಮಗೆ ಯಾರೂ ಬಿಡಿಸಿ ಹೇಳಬೇಕಿಲ್ಲ, ಅಲ್ವಾ? ಹಿಂದಿನ ಜನ್ಮದ ಕರ್ಮದಿಂದ ಈ ಜನ್ಮದ ಜಾತಿ, ಬಡತನ ಅನ್ನುವ ಮಾತನ್ನು ಅವರು ಪೂರ್ತಿ ತಳ್ಳಿಹಾಕಿದರು. ದುಃಖ ಅಂದರೆ ಒಳಗಿನ ಆಸೆ ಮಾತ್ರವಲ್ಲ, ಒಬ್ಬ ಇನ್ನೊಬ್ಬನಿಗೆ ಮಾಡುವ ಅನ್ಯಾಯ ಕೂಡ.

ಮನೆದೇವರ ಪ್ರಶ್ನೆಯಲ್ಲಿ ಉಳಿದ ಮೂರೂ ದಾರಿಗಳು ನುಣುಚಿಕೊಳ್ಳುತ್ತವೆ. ನವಯಾನ ನುಣುಚಿಕೊಳ್ಳುವುದಿಲ್ಲ. ಬ್ರಹ್ಮ, ವಿಷ್ಣು, ಮಹೇಶ್ವರರನ್ನು ಪೂಜಿಸುವುದಿಲ್ಲ ಎಂಬುದೇ ಮೊದಲ ಪ್ರತಿಜ್ಞೆ. ಬುದ್ಧ ವಿಷ್ಣುವಿನ ಅವತಾರ ಎಂದು ಒಪ್ಪುವುದಿಲ್ಲ ಎಂಬುದು ಐದನೆಯದು. ಶ್ರಾದ್ಧ, ಪಿಂಡದಾನ ಇಲ್ಲ. ಹಾಗಾಗಿ ಇಲ್ಲಿ ಬೆಲೆ ಹಣದಲ್ಲಿ ಇಲ್ಲ, ನೆಂಟರಲ್ಲಿ ಇದೆ. ಊರಹಬ್ಬ, ಮದುವೆ, ತಿಥಿ ಎಲ್ಲ ಕಡೆ ಮಾತು ಬರುತ್ತದೆ. ಒಬ್ಬರೇ ಹೋಗುವುದಕ್ಕಿಂತ ಮನೆಯವರೆಲ್ಲ ಸೇರಿ ಹೋದರೆ ಹಗುರ. ಸಿಗುವುದೇನು? ತಲೆ ಎತ್ತಿ ನಡೆಯುವ ಹೆಸರು, ಜೊತೆಗೆ ನಿಲ್ಲುವ ಜನ, ಕನ್ನಡದಲ್ಲೇ ಭಾಷಣ. ಭಾಷೆಯ ತೊಂದರೆ ಇಲ್ಲದ ದಾರಿ ಇದು.

ಮೀಸಲಾತಿ ಸೌಲಭ್ಯದ ಬಗ್ಗೆ ಭಯ ಬೇಡ. ಬೌದ್ಧರಾದ ಪರಿಶಿಷ್ಟ ಜಾತಿಯವರಿಗೂ ಆ ಸ್ಥಾನ ಉಳಿಯುವಂತೆ 1990ರಲ್ಲೇ ಕಾನೂನು ತಿದ್ದುಪಡಿ ಆಗಿದೆ. ಆದರೆ ದಾಖಲೆಯಲ್ಲಿ ಏನಾದರೂ ಬರೆಸುವ ಮೊದಲು ತಿಳಿದ ವಕೀಲರನ್ನು ಕೇಳಿ.

ಇದರಲ್ಲಿ ಕೊರತೆ ಅಂದರೆ, ಧ್ಯಾನ ಹುಡುಕಿಕೊಂಡು ಬಂದವರಿಗೆ ಹಲವು ವಿಹಾರಗಳಲ್ಲಿ ಅದು ಕಡಿಮೆ ಸಿಗುತ್ತದೆ. ಭಾಷಣ ಜಾಸ್ತಿ. ಕೆಲವರು ವಾರಕ್ಕೊಮ್ಮೆ ವಿಹಾರ, ವರ್ಷಕ್ಕೊಮ್ಮೆ ವಿಪಶ್ಯನ ಎಂದು ಎರಡನ್ನೂ ಇಟ್ಟುಕೊಂಡಿದ್ದಾರೆ. ಚೆನ್ನಾಗಿ ಹೊಂದುತ್ತದೆ.

ಮಾಂಸ ತಿನ್ನಬಹುದಾ?

ಇದನ್ನು ಕೇಳದವರಿಲ್ಲ. ಪಂಚಶೀಲ ಕೊಲ್ಲಬೇಡ ಅನ್ನುತ್ತದೆ, ತಿನ್ನಬೇಡ ಅನ್ನುವುದಿಲ್ಲ. ಥೇರವಾದಿ ಭಿಕ್ಖು ಪಾತ್ರೆಗೆ ಬಿದ್ದದ್ದನ್ನು ತಿನ್ನುತ್ತಾರೆ, ತಮಗಾಗಿಯೇ ಕೊಂದದ್ದು ಆಗಿರಬಾರದು ಅಷ್ಟೇ. ಚೀನಾ ಕಡೆಯ ಭಿಕ್ಷುಗಳು ಶುದ್ಧ ಸಸ್ಯಾಹಾರಿಗಳು. ಟಿಬೆಟಿನಲ್ಲಿ ತರಕಾರಿ ಬೆಳೆಯುವುದೇ ಕಷ್ಟವಿತ್ತು, ಹಾಗಾಗಿ ತಿನ್ನುತ್ತಿದ್ದರು. ಶಿಬಿರಗಳಲ್ಲಿ ಕೊಡುವುದು ಸಸ್ಯಾಹಾರ. ಹೆಂಡದ ವಿಷಯದಲ್ಲಿ ಮಾತ್ರ ಪಂಚಶೀಲವೇ ಕೂಡದು ಅನ್ನುತ್ತದೆ.

ಈಗ ನಿಮ್ಮ ಲೆಕ್ಕ

ತಲೆ ತುಂಬ ಆಫೀಸು, ನಿದ್ದೆ ಇಲ್ಲ, ಹನ್ನೆರಡು ದಿನ ರಜೆ ಸಿಗುತ್ತದೆ ಅಂದರೆ ವಿಪಶ್ಯನ. ರಜೆ ಸಿಗುವುದಿಲ್ಲ, ಮನೆಯಲ್ಲಿ ಚಿಕ್ಕ ಮಕ್ಕಳು ಅಂದರೆ ಝೆನ್ ರೀತಿ ದಿನಕ್ಕೆ ಇಪ್ಪತ್ತೈದು ನಿಮಿಷ, ತಿಂಗಳಿಗೊಮ್ಮೆ ಗಾಂಧಿನಗರ. ವಾದ ಮಾಡದೆ ಏನನ್ನೂ ಒಪ್ಪುವುದಿಲ್ಲ ಅನ್ನುವ ಸ್ವಭಾವ, ಇಂಗ್ಲಿಷ್ ಓದು ಸಲೀಸು ಅಂದರೆ ಗೆಲುಗ್. ದೀಪ ಹಚ್ಚದೆ, ಕೈ ಮುಗಿಯದೆ ಇದ್ದರೆ ಏನೋ ಖಾಲಿ ಅನ್ನಿಸುವವರು ಟಿಬೆಟಿನ ಬಾಗಿಲಿಗೇ ಹೋಗಿ, ಶಿಬಿರದಲ್ಲಿ ಒಣಗಬೇಡಿ. ಜಾತಿಯ ಗಾಯ ಇದ್ದವರಿಗೆ, ಉಸಿರು ನೋಡುತ್ತ ಕೂತುಕೋ ಎಂದು ಹೇಳುವ ಧೈರ್ಯ ನನಗಿಲ್ಲ. ಅವರು ಮೊದಲು ವಿಹಾರಕ್ಕೆ ಹೋಗಲಿ.

ಇನ್ನೂ ತೀರ್ಮಾನ ಆಗದಿದ್ದರೆ ಕ್ಯಾಲೆಂಡರ್ ನೋಡಿ. ವೈಶಾಖದ ಬುದ್ಧ ಪೂರ್ಣಿಮೆಗೆ ಮಹಾಬೋಧಿ. ಟಿಬೆಟಿನವರ ನಾಲ್ಕನೇ ತಿಂಗಳು ಸಾಗಾ ದಾವಾಕ್ಕೆ ಬೈಲಕುಪ್ಪೆ, ಕುಶಾಲನಗರದಲ್ಲಿ ಇಳಿದರೆ ಆಟೋ ಸಿಗುತ್ತದೆ. ಅಕ್ಟೋಬರ್ 14ಕ್ಕೆ ನಿಮ್ಮ ಊರಿನ ವಿಹಾರ. ಮೂರು ಕಡೆಯೂ ಬಾಗಿಲು ತೆರೆದಿರುತ್ತದೆ, ಟಿಕೆಟ್ ಇಲ್ಲ. ಚಪ್ಪಲಿ ಹೊರಗೆ ಬಿಡಿ, ಬುದ್ಧನ ಕಡೆಗೆ ಕಾಲು ಚಾಚಬೇಡಿ. ಮೊಣಕಾಲು ನೋವಿದ್ದರೆ ಕುರ್ಚಿ ಕೇಳಿ, ಕೊಡುತ್ತಾರೆ. ನಾನು ಕೇಳಲು ನಾಚಿಕೊಂಡು ಮೂರು ದಿನ ಹಾಳು ಮಾಡಿಕೊಂಡೆ.